ಮೂರನೆಯ ಸ್ಥಾನ

ರೂವಿಯಲ್ಲಿ ಮಧ್ಯಾಹ್ನ ಒಂದೂವರೆಗೆ
ಎಕ್ಸ್‌ಚೇಂಜಿನ ಶಟರ್ ಅರ್ಧ ಇಳಿದಿತ್ತು.
ಅದರಡಿ ಬಗ್ಗಿ ಒಳಗೆ ಬಂದರು
ಹಮ್ರಿಯಾದ ದರ್ಜಿ ಪೊಡಿಯಬ್ಬ,
ಕುತ್ತಿಗೆಗೆ ಅಳತೆಪಟ್ಟಿ, ಅಂಗಿಗಂಟಿದ ನೂಲಿನ ಚೂರು,
ಕೈಯಲ್ಲಿ ಗುಂಡುಪಿನ್ನಿಗೆ ಪೋಣಿಸಿದ ಇಪ್ಪತ್ತಮೂರು ರಸೀದಿ.

"ನಾನು ಕೊಟ್ಟದ್ದು ಅರವತ್ತೆರಡು ರಿಯಾಲು, ಮುನ್ನೂರ ಎಂಬತ್ತೈದು ಬೈಸಾ.
ಅಲ್ಲಿ ಮುಟ್ಟಿದ್ದು ಮುನ್ನೂರ ಎಂಬತ್ತು.
ಪ್ರತಿ ಸಲ ಐದು. ಒಟ್ಟು ನೂರ ಹದಿನೈದು.
ಒಂದು ಕರಕ್ ಚಾ ಕುಡಿದು ಹದಿನೈದು ಉಳೀತದೆ ಮಾರಾಯ್ರೆ,
ಕುಡಿದವ ಯಾರು?"

ಕೌಂಟರಿನ ಹುಡುಗ ನಕ್ಕು ನನ್ನತ್ತ ಕೈ ತೋರಿಸಿದ:
"ಸಿಸ್ಟಮ್ಮಿನವರು ಅವರು."

ರಾತ್ರಿ ಕಡತ ತೆರೆದೆ.
ಲೈಬ್ರರಿ ಎನ್ನುತ್ತೇವೆ, ಓದುವ ಮನುಷ್ಯರಿಲ್ಲ;
ಯಂತ್ರವೊಂದು ಇನ್ನೊಂದಕ್ಕೆ ಓದಿ ಹೇಳುತ್ತದೆ.
ಪೋರ್ಟ್ ಎಂದಿದೆ. ಮತ್ರಾದ ಹಾಗೆ
ಹಡಗಿಲ್ಲ, ಮೀನಿನ ವಾಸನೆಯಿಲ್ಲ.
ಬೈಂಡಿಂಗ್ ಎಂದಿದೆ. ಸೂಜಿ ಕಾಣುವುದಿಲ್ಲ.
ನೆತ್ತಿಯಲ್ಲೊಂದು ವಿಳಾಸ, ವಿಳಾಸದ ವೇಷದ ಬರೀ ಹೆಸರು,
ತಟ್ಟಿದರೆ ಯಾವ ಬಾಗಿಲೂ ತೆರೆಯದು.
ಕೇಳುವವನು ಹೀಗೆ ಕೇಳಬೇಕು
ಕೊಡುವವನು ಹೀಗೆ ಕೊಡಬೇಕು
ಯಾಕೆ ಎಂಬುದಕ್ಕೆ ಜಾಗವಿಟ್ಟಿಲ್ಲ.

ನಾನೂರ ಹನ್ನೆರಡನೆಯ ಸಾಲು:
ಮೊತ್ತ. ಕಡ್ಡಾಯ. ದಶಾಂಶ ಸ್ಥಾನ ಎರಡು.

ಎರಡು.
ಬರೆದವನ ಊರಿನಲ್ಲಿ ದುಡ್ಡು ನೂರಕ್ಕೇ ಮುರಿಯುತ್ತಿರಬೇಕು.
ಸಾವಿರ ಚೂರಾಗುವ ರಿಯಾಲು
ಅವನ ಅಂಗೈಗೆ ಬಿದ್ದಿರಲಿಕ್ಕಿಲ್ಲ.
ಕೆಟ್ಟವನಲ್ಲ. ಹೆಸರೂ ಗೊತ್ತಿಲ್ಲ.
ಹದಿಮೂರು ವರ್ಷ ಅವನ ಆ ಎರಡು
ಸಂಬಳದ ದಿನ ಸಾಲು ನಿಂತ ಒಬ್ಬೊಬ್ಬರ
ಉಗುರಿನ ತುದಿ ಕತ್ತರಿಸುತ್ತಿತ್ತು,
ರಕ್ತ ಬಾರದಂತೆ.

ಆಚೆ ತುದಿಯವರಿಗೆ ಬರೆದೆ.
ಮೂರು ದಿನಕ್ಕೆ ಉತ್ತರ: ಒಪ್ಪಂದದಲ್ಲಿರುವುದೇ ಹಾಗೆ.
ಎರಡನ್ನು ಮೂರು ಮಾಡಿದರೆ ನಲವತ್ತು ಬ್ಯಾಂಕು ಮುಗ್ಗರಿಸುತ್ತವೆ.
ಬೇರೆ ಏನಾದರೂ ಸೇರಿಸುವುದಾದರೆ ಸೇರಿಸಿಕೊಳ್ಳಿ,
ನಾವು ಓದುವುದಿಲ್ಲ.

ನಾನೂ ಒಪ್ಪಂದದವಳೇ.
ಎರಡು ವರ್ಷಕ್ಕೊಮ್ಮೆ ಸಹಿ,
ಹಾಳೆಯ ಒಂದು ಪಕ್ಕ ಇಂಗ್ಲಿಷು, ಇನ್ನೊಂದು ಪಕ್ಕ ಅರಬ್ಬಿ;
ತಕರಾರು ಬಂದರೆ
ನನಗೆ ಓದಲು ಬಾರದ ಪಕ್ಕದ್ದೇ ಮಾತು.

ಶುಕ್ರವಾರ ಸಂಜೆ ಅವರ ಅಂಗಡಿಗೆ ಹೋದೆ,
ಮುಷ್ಟಿಯಲ್ಲಿ ಒಂದು ನೋಟು, ಎರಡು ಬಿಲ್ಲೆ.
ಪೊಡಿಯಬ್ಬ ಮುಟ್ಟಲಿಲ್ಲ.
"ಇದು ನಿಮ್ಮ ಪರ್ಸಿನದ್ದು. ನಾನು ಕೇಳಿದ್ದು ನನ್ನದು."

ಮೊಳೆಗೆ ಚುಚ್ಚಿದ ಅಳತೆಚೀಟಿಗಳು ಫ್ಯಾನಿಗೆ ಪಟಪಟ ಅನ್ನುತ್ತಿದ್ದವು:
ಕೊರಳು, ಭುಜ, ತೋಳು, ಉದ್ದ.
ಯಾವ ಚೀಟಿಗೂ ಮುಖವಿಲ್ಲ.
ಚೀಟಿಯೇ ತಪ್ಪಿದ್ದರೆ? ಕೇಳಿದೆ.
"ಚೀಟಿ ತಿದ್ದಲಿಕ್ಕಿಲ್ಲ. ಗಿರಾಕಿ ಒಪ್ಪಿ ಹೋದದ್ದು ಅದು."
ಎಂದವರು ಹೊಲಿದಿಟ್ಟ ದಿಶ್‌ದಾಶಾ ಒಂದನ್ನು
ತಿರುವುಮುರುವು ಮಾಡಿ ತೋಳಿನೊಳಗೆ ಬೆರಳು ತೂರಿಸಿದರು:
ಹೊರಗಿನವರಿಗೆ ಕಾಣದಲ್ಲಿ ಒಂದಿಂಚು ಮಡಿಕೆ.
"ಇದು ಚೀಟಿಯಲ್ಲಿ ಇಲ್ಲ.
ಬೇಕಾದವ ಬಿಚ್ಚಿಕೊಳ್ತಾನೆ. ಬೇಡದವನಿಗೆ ತೊಂದರೆ ಎಂತದ್ದು?"
ಕೊರಳ ಬಳಿ ಫರಾಖಾದ ಗೊಂಡೆ
ಯಾರದೋ ಅತ್ತರಿಗೆ ಕಾಯುತ್ತ ತೂಗುತ್ತಿತ್ತು.

ಭಾನುವಾರ ನಾನೂರ ಹನ್ನೆರಡನ್ನು ಮುಟ್ಟದೆ
ಅದರಡಿ ಒಂದು ಸಾಲು ಹೊಲಿದೆ:
ಉಳಿಕೆ. ಇದ್ದರೆ ಇರಲಿ, ಇಲ್ಲದಿದ್ದರೂ ಸರಿ.
ಆಚೆಯವರು ಓದಲಿಲ್ಲ. ನಮ್ಮ ಲೆಕ್ಕ ಓದಿತು.
ಇಪ್ಪತ್ತನಾಲ್ಕನೆಯ ತಿಂಗಳ ಐದು
ಮಡಿಕೆಯೊಳಗೆ ಮಲಗಿ ಕಾದಿತು;
ಇಪ್ಪತ್ತೈದನೆಯದು ಬಂದು ಪಕ್ಕ ಸೇರಿದ್ದೇ
ಹತ್ತಾಗಿ, ಎರಡನೆಯ ಸ್ಥಾನದಲ್ಲಿ ತಲೆಯೆತ್ತಿ
ಕಡಲು ದಾಟಿತು.

ಪೊಡಿಯಬ್ಬ ಹೊಸ ರಸೀದಿಯನ್ನು
ಬೆಳಕಿಗೆ ಹಿಡಿದು, ಹಿಂದೆ ಮುಂದೆ ನೋಡಿ,
ಗುಂಡುಪಿನ್ನಿಗೆ ಚುಚ್ಚಿದರು.
ಶಟರಿನಡಿ ಬಗ್ಗುವ ಮೊದಲು ತಿರುಗಿ ನಿಂತು,
"ಹಳೆಯ ನೂರ ಹದಿನೈದು?" ಎಂದರು.