ಶೇಕಡಾ ಹದಿಮೂರು

ಶಿಡ್ಲಘಟ್ಟದ ಕೋರ್ಟಿನ ಎದುರು, ಝೆರಾಕ್ಸ್ ಅಂಗಡಿಯ ಪಕ್ಕ
ಇಪ್ಪತ್ತೆರಡು ವರ್ಷದಿಂದ ನನ್ನ ಮೇಜು.
ಎಷ್ಟು ಸಲ ಬಡಿದಿದ್ದೇನೋ ಇದೊಂದೇ ಸಾಲು:
'ಸದರಿ ವಾಹನದ ಚಾಲಕನು ಅತಿವೇಗ ಮತ್ತು ಅಜಾಗರೂಕತೆಯಿಂದ...'
ಕಣ್ಣು ಮುಚ್ಚಿದರೂ ಬೆರಳುಗಳೇ ಬಡಿಯುತ್ತವೆ,
ಗಾಡಿಯ ನಂಬರು ಬಂದಾಗ ಮಾತ್ರ ಬಿಡುತ್ತೇನೆ.

ಖೈರುನ್ನೀಸಾ ಬಂದದ್ದು ಒಂದು ಬುಧವಾರ.
ಬಲಗೈ ದುಪಟ್ಟದೊಳಗೆ. ಎಡಗೈಯಲ್ಲಿ ಪ್ಲಾಸ್ಟಿಕ್ ಕವರು,
ಕವರಿನಲ್ಲಿ ಬಿಲ್ಲು, ಔಷಧಿ ಚೀಟಿ, ಮೂರು ಎಕ್ಸ್‌ರೇ.
ಬಿಸಿಲಿಗೆ ಹಿಡಿದರೆ ಮೂರರಲ್ಲೂ ಅದೇ ಕೈ,
ಒಳಗೊಂದು ಮೊಳೆಯ ಸಾಲು.

ಟಿಪ್ಪರ್ ಬಂದದ್ದು ದಿಬ್ಬೂರಹಳ್ಳಿ ಕಡೆಯಿಂದ.
ಮೊಪೆಡ್ಡಿನ ಹಿಂದೆ ಇವಳು, ಮಡಿಲಲ್ಲಿ ಮಾಲೀಕನ ಚೀಲ.
ಮಹಜರಿನಲ್ಲಿದೆ: ಬ್ರೇಕಿನ ಗುರುತು ಹನ್ನೊಂದು ಅಡಿ,
ಚೆಲ್ಲಿದ ಹಳದಿ ಗೂಡು, ಅಂದಾಜು ನಾಲ್ಕು ಕೆಜಿ.
ಆರು ಕೆಜಿ ಇತ್ತಂತೆ.

'ವೃತ್ತಿ?'
'ನೂಲು ತೆಗೀತೀನಿ ಅಣ್ಣ. ತೆಗೀತಿದ್ದೆ.'
'ಆದಾಯಕ್ಕೆ ದಾಖಲೆ?'
ನಕ್ಕಳು. ಶನಿವಾರ ಕೊಡುವ ನೋಟಿಗೆ ರಸೀದಿ ಕೇಳಿದರೆ
ಸೋಮವಾರ ಆ ಜಾಗದಲ್ಲಿ ಬೇರೆಯವಳು ಕೂತಿರುತ್ತಾಳೆ.
ವಕೀಲರು ಹದಿನೆಂಟು ಸಾವಿರ ಅಂದರು, ಬಡಿದೆ.

'ಅರ್ಜಿದಾರಳು ತೀವ್ರ ನೋವಿನಿಂದ ನರಳುತ್ತಿದ್ದು...'
'ನರಳೋದು ಬೇಡ,' ಅಂದಳು.
'ನೋವಿಲ್ಲ ಅಣ್ಣ. ನೋವಿದ್ದಿದ್ರೂ ಆಗ್ತಿತ್ತು.
ಕುದಿಯೋ ನೀರಲ್ಲಿ ಗೂಡು ಕುಣೀತಿರ್ತವೆ,
ಎಳೆ ಎಲ್ಲಿದೆ ಅಂತ ಕಣ್ಣಿಗೆ ಕಾಣಲ್ಲ, ಬೆರಳಿಗೆ ಕಾಣುತ್ತೆ.
ಎಂಟೆಳೆ ಒಂದಾಗಿ ಹೋಗ್ತಿರುವಾಗ ಒಂದು ತುಂಡಾದ್ರೆ
ಚರಕಕ್ಕಿಂತ ಮುಂಚೆ ಇದಕ್ಕೆ ಗೊತ್ತಾಗ್ತಿತ್ತು.
ಈಗ ನೀರು ಬಿಸಿಯೋ ತಣ್ಣಗೋ, ಅದೂ ಹೇಳಲ್ಲ.
ಅದನ್ನ ಬರ್ಕೊಳ್ಳಿ.'
ನಮೂನೆಯಲ್ಲಿ ಅದಕ್ಕೆ ಕಲಂ ಇರಲಿಲ್ಲ.
ನರಳುತ್ತಿದ್ದು ಎಂದೇ ಬಿಟ್ಟೆ.

ಪಾಟಿ ಸವಾಲಿನ ದಿನ ವಿಮೆಯ ವಕೀಲರು
ನೀರಿನ ಲೋಟ ಮುಂದಿಟ್ಟರು. 'ಎತ್ತಮ್ಮ ನೋಡೋಣ.'
ಎತ್ತಿದಳು. ಬಾಯಾರಿತ್ತು, ಕುಡಿದೂ ಬಿಟ್ಟಳು.
'ನಾನು ಲೋಟ ಎತ್ತಬಲ್ಲೆನೆಂದರೆ ಸರಿ' ಎಂದು ದಾಖಲಾಯಿತು.

ಡಾಕ್ಟರು ಚಿಕ್ಕಬಳ್ಳಾಪುರದಿಂದ ಬಂದರು:
ಬಲಗೈಗೆ ಶೇಕಡಾ ಮೂವತ್ತೊಂಬತ್ತು,
ಇಡೀ ದೇಹಕ್ಕೆ ಮೂರರಲ್ಲೊಂದು, ಹದಿಮೂರು.
ಲೆಕ್ಕದಲ್ಲಿ ತಪ್ಪಿಲ್ಲ, ನಾನೇ ಭಾಗಿಸಿ ನೋಡಿದ್ದೇನೆ.

ಹೊರಗೆ ಹೊಂಗೆ ಮರದಡಿ ಕೇಳಿದಳು:
'ದೇಹದಲ್ಲಿ ಹದಿಮೂರು ಅಂದ್ರೆ
ಎಲ್ಲಿಂದ ಎಲ್ಲೀವರ್ಗೂ ಅಣ್ಣ?'
ನನ್ನದೂ ಅದೇ ಬೆರಳು.
ಸುಮ್ಮನೆ ಒಂದು ಕೀ ಮೇಲಿಟ್ಟು ತೆಗೆದೆ.

ತೀರ್ಪು ಬಂತು ಮೂರನೇ ಬೇಸಿಗೆಗೆ.
ತಿಂಗಳಿಗೆ ಹದಿಮೂರು ಸಾವಿರವೆಂದು ಊಹಿಸಿ,
ಹನ್ನೆರಡರಿಂದ ಗುಣಿಸಿ,
ವಯಸ್ಸು ಮೂವತ್ತೇಳಾದ್ದರಿಂದ ಹದಿನೈದರಿಂದ ಗುಣಿಸಿ,
ಮತ್ತೆ ಆ ಹದಿಮೂರಕ್ಕೆ ಇಳಿಸಿ:
ಮೂರು ಲಕ್ಷದ ನಾಲ್ಕು ಸಾವಿರದ ಇನ್ನೂರು.
ನೋವು ಮತ್ತು ಸಂಕಟಕ್ಕೆ ಪ್ರತ್ಯೇಕ ನಲವತ್ತು ಸಾವಿರ.
ನರಳಿದ್ದು ಕೆಲಸಕ್ಕೆ ಬಂತು.

ಅರ್ಧ ಠೇವಣಿಗೆ ಹೋಯಿತು, ಅರ್ಧ ಖಾತೆಗೆ.
ಬ್ಯಾಂಕಿನ ಪುಟ್ಟ ಯಂತ್ರ ಬೆರಳು ಕೇಳಿತಂತೆ,
ಬಲಗೈ ತೋರುಬೆರಳು. ಇಟ್ಟಳು, ಕೆಂಪು ದೀಪ.
ಸೆರಗಿಗೆ ಒರೆಸಿ ಇಟ್ಟಳು, ಕೆಂಪು.
ಅದು ಟಿಪ್ಪರಿನ ತಪ್ಪಲ್ಲ.
ಬೇಸಿನ್ನಿನ ನೀರು ಇಪ್ಪತ್ತು ವರ್ಷ ಕೂತು
ಗೆರೆಗಳನ್ನೆಲ್ಲ ಮೊದಲೇ ತಿಂದು ಮುಗಿಸಿತ್ತು.
ಆ ಅಪಘಾತಕ್ಕೆ ಗಾಡಿ ನಂಬರು ಇಲ್ಲ.
ಕೊನೆಗೆ ಎಡಗೈ ಕಿರುಬೆರಳನ್ನು ಯಂತ್ರ ಒಪ್ಪಿತಂತೆ.

ಇದನ್ನೆಲ್ಲ ಹೇಳಿದ್ದು ನನ್ನ ಬಾಕಿ ಕೊಡಲು ಬಂದಾಗ,
ನೂರಾ ಅರವತ್ತು ರೂಪಾಯಿ, ನಾನು ಮರೆತಿದ್ದೆ.
ಮೇಜಿನ ಮೇಲೆ ಕಡತ ಕಟ್ಟುವ ದಾರ,
ಅದರಿಂದ ಒಂದೆಳೆ ಬಿಚ್ಚಿ ಎದ್ದಿತ್ತು.
ಅಭ್ಯಾಸ, ಬಲಗೈ ತಾನಾಗಿ ಹೋಯಿತು.
ಎರಡು ಬೆರಳ ನಡುವೆ ಸಿಕ್ಕಿತೋ ಇಲ್ಲವೋ,
ಬಗ್ಗಿ, ಕಣ್ಣು ಕಿರಿದಾಗಿಸಿ
ನೋಡಿಕೊಂಡಳು.