ಇಪ್ಪತ್ತರ ಸಾಲು

ಒಂದೇ ಇಟ್ಟಿಗೆಯನ್ನು ಅಳೆಯುವ ಪದ್ಧತಿ ನಮ್ಮಲ್ಲಿಲ್ಲ.
ಇಪ್ಪತ್ತು ಹೆಕ್ಕಿ, ಗುಳ್ಳೆ ಕೆರೆದು, ಮೈಮೇಲಿನ ಮಣ್ಣು ಒರೆಸಿ
ಲ್ಯಾಬಿನ ನೆಲದ ಮೇಲೆ ತಲೆಗೆ ತಲೆ ತಾಗಿಸಿ ಇಟ್ಟು
ಉಕ್ಕಿನ ಟೇಪು ಎಳೆಯುವುದು.
ಒಂದರ ಗಿಡ್ಡ ಇನ್ನೊಂದರ ಉದ್ದದಲ್ಲಿ ಮುಚ್ಚಿಹೋಗಲೆಂದು
ಯಾರೋ ಪುಣ್ಯಾತ್ಮರು ಮಾಡಿದ ನಿಯಮ.
ಮೂರು ಸಾವಿರದ ಎಂಟುನೂರು ಮಿಲಿಮೀಟರು.
ಎಂಬತ್ತು ಹೆಚ್ಚಾದರೂ ನಡೆಯುತ್ತದೆ, ಎಂಬತ್ತು ಕಮ್ಮಿಯಾದರೂ.

ಅನಗವಾಡಿ ಕಡೆಯ ಭಟ್ಟಿಯ ಮಾಲು
ಉಳಿದದ್ದರಲ್ಲೆಲ್ಲ ಪಾಸು.
ಉಗುರಿನಿಂದ ಗೀಚಿದರೆ ಗೆರೆ ಬೀಳಲಿಲ್ಲ.
ಒಂದಕ್ಕೊಂದು ಬಡಿದರೆ ಕಂಚಿನ ತಂಬಿಗೆಯ ಹಾಗೆ ಟಣ್ ಎಂದವು.
ಸೊಂಟದೆತ್ತರದಿಂದ ಕೈಬಿಟ್ಟೆ:
ಒಡೆದದ್ದು ನೆಲದ ಶಹಾಬಾದಿ ಕಲ್ಲಿನ ಮೂಲೆ.
ಒಂದು ಹಗಲು ಒಂದು ರಾತ್ರಿ ತೊಟ್ಟಿಯಲ್ಲಿ ಮುಳುಗಿಸಿದೆ;
ಮೊದಮೊದಲು ಗುಳುಗುಳು ಎಂದವು,
ಆಮೇಲೆ ಬಾಯಿ ಮುಚ್ಚಿಕೊಂಡವು.
ನೂರಕ್ಕೆ ಹದಿನಾಲ್ಕರಷ್ಟು ಕುಡಿದಿದ್ದವು. ಇಪ್ಪತ್ತರವರೆಗೆ ಮಾಫಿ.
ಬಾಗಲಕೋಟೆಯ ನವನಗರದವರು ನಾವು,
ಹಳೆ ಓಣಿಯನ್ನು ಹಿನ್ನೀರಿಗೆ ಕೊಟ್ಟು ಬಂದವರು.
ಯಾವ ಗೋಡೆ ಎಷ್ಟು ನೀರು ಕುಡಿದೀತೆಂದು
ತಕ್ಕಡಿಯಿಲ್ಲದೆಯೂ ಹೇಳಬಲ್ಲೆವು.

ಸಾಲು ಮಾತ್ರ ಗಿಡ್ಡ.
ಮೂರು ಸಾವಿರದ ಏಳುನೂರಾ ಎರಡು.
ಮತ್ತೆ ಎಳೆದೆ. ಮತ್ತೂ ಎರಡೇ.
ಮಾಫಿಗೂ ಹದಿನೆಂಟು ಕಮ್ಮಿ, ನನ್ನ ಹೆಬ್ಬೆರಳಿನ ಅಗಲ.

"ಎರಿ ಮಣ್ಣು ಮೇಡಮ್ಮಾರ, ಸುಟ್ಟರ ಮುದುಡತೈತಿ,"
ಫೋನಿನಲ್ಲಿ ಗದಿಗೆಪ್ಪ ಸಾವಕಾರ.
ಮುದುಡುವುದು ನನಗೂ ಗೊತ್ತು.
ಅದಕ್ಕೇ ಅಚ್ಚು ಇಟ್ಟಿಗೆಗಿಂತ ದೊಡ್ಡದು:
ಒಣಗಿ ಕಳಕೊಳ್ಳುವುದಿಷ್ಟು, ಬೆಂದು ಕಳಕೊಳ್ಳುವುದಿಷ್ಟು ಎಂದು
ಬಡಿಗ ಮೊದಲೇ ಲೆಕ್ಕ ಹಿಡಿದಿರುತ್ತಾನೆ.

ಹೊಸ ಸ್ಯಾಂಪಲ್ ತರಲು ನಾನೇ ಹೋದೆ.
ಘಟಪ್ರಭೆಯ ದಂಡೆ, ಕಬ್ಬಿನ ಸಿಪ್ಪೆಯ ಹೊಗೆ.
ನಾಲ್ಕು ಅಚ್ಚು; ನಾಲ್ಕರ ಒಳಗೂ, ಎರಡೂ ತುದಿಗೆ,
ಎಣ್ಣೆ ಡಬ್ಬಿಯ ತಗಡು.
ನಾಲ್ಕಾರು ಮಡಿಕೆ ಮಡಚಿ, ಮಟ್ಟಸವಾಗಿ, ಸಣ್ಣ ಮೊಳೆ ಹೊಡೆದದ್ದು.
ಸಾವಕಾರನ ಕಡೆ ತಿರುಗಿದೆ. ಅವನ ಬಾಯಿ ತೆರೆದೇ ಇತ್ತು.
ಅವನಿಗೂ ಅದು ಹೊಸದು.

ದಾವಲಬಿ ತಲೆಯ ಸಿಂಬಿ ಇಳಿಸಲಿಲ್ಲ.
"ನಾನ ಹೊಡದೀನ್ರಿ.
ಸಾವಿರಕ್ಕ ಇಷ್ಟಂತ ಪಗಾರ. ಸಾವಿರ ಸಾವಿರ ಅದಾವಲ್ರಿ?
ಒಂದ ಸಲಕ್ಕ ಹನ್ನೆರಡು ಹೊರತೀವಿ.
ಹನ್ನೆರಡಕ್ಕ ಒಂದ ಸೇರು ಹಗೂರ ಆಕ್ಕೈತಿ.
ಸೇರು ಅಂದ್ರ ಎಷ್ಟಂತ ಈ ಕುತ್ತಿಗಿ ಕೇಳ್ರಿ."

ನಮ್ಮ ಫಾರ್ಮಿನಲ್ಲಿ ಒತ್ತಡಕ್ಕೊಂದು ಕಾಲಂ ಇದೆ:
ಯಂತ್ರ ಮೇಲೆ ಕೂತಾಗ ಇಟ್ಟಿಗೆ
ಎಷ್ಟು ನ್ಯೂಟನ್ ತಡೆದು ಸೀಳಿತೆಂದು ಬರೆಯಲಿಕ್ಕೆ.
ಇಟ್ಟಿಗೆಯ ಕೆಳಗೆ ಇದ್ದವರಿಗೆ ಕಾಲಂ ಇಲ್ಲ.

ಬರೆದೆ. ಉದ್ದ: ೩೭೦೨. ಷರಾ: ಅಚ್ಚು ತಿದ್ದಬೇಕು.
ಇಕ್ಕಳ ತಂದುಕೊಟ್ಟವಳು ಅವಳೇ.
ಎಂಟು ತುಂಡು ತಗಡು ನನ್ನ ಡ್ರಾದಲ್ಲಿವೆ,
ಒಂದರ ಮೇಲೆ ಇನ್ನೂ ಅರ್ಧ ಸೂರ್ಯಕಾಂತಿ ಹೂವಿದೆ.

ಮುಂದಿನ ಸಾಲು ಪಾಸಾಯಿತು.
ದಾವಲಬಿ ಈಗ ಹನ್ನೊಂದೇ ಹೊರುತ್ತಾಳಂತೆ.
ಸಾವಿರಕ್ಕೆ ಏಳು ನಡಿಗೆ ಹೆಚ್ಚು.
ಈ ಲೆಕ್ಕ ಹಾಕಿದ್ದು ನಾನು; ಅವಳು ಹಾಕಿಲ್ಲ.