ಬ್ರೆಡ್ಡಿನ ತುಂಡು

ಥಂಡರ್ ಬೇ. ಹೊರಗೆ ಮೈನಸ್ ಮೂವತ್ತು.
ನೆಲಮಾಳಿಗೆಯ ತಾಮ್ರದ ಕೊಳವೆ
ಇನ್ನೂ ತೊಟ್ಟಿಕ್ಕುತ್ತಿದೆ.

ಒದ್ದೆ ಬಾಯಿಗೆ ಬೆಸುಗೆ ಹಿಡಿಯದು;
ಅದಕ್ಕೇ ಟೊಯ್ವೊನ ಜೇಬಿನಲ್ಲಿ ನಲವತ್ತು ವರ್ಷ
ಬಿಳಿ ಬ್ರೆಡ್ಡಿನ ತುಂಡು:
ಕೊಳವೆಗೆ ತುರುಕಿ, ನೀರು ತಡೆದು,
ತವರ ಕರಗಿ ಉಂಗುರವಾಗುವವರೆಗೆ
ಬೆಂಕಿಯನ್ನೂ ಉಸಿರನ್ನೂ ಹಿಡಿದು.

ತೊಲೆಯ ಮೇಲಿದೆ ಅವನದೇ ಒಂದು ಸುಟ್ಟ ಕಲೆ.

‘ಇದರಲ್ಲಿ ಕೈಗುಣ ಎಲ್ಲಿ?’
‘ಅಳತೆಯಲ್ಲಿ,’ ಎಂದಳು ಐಲಾ
ಕೊಳವೆಗೆ ಗೀಟು ಎಳೆಯುತ್ತ.
ಯಂತ್ರದ ದವಡೆ ಕಚ್ಚಿತು, ಗುರ್ರೆಂದಿತು, ಬಿಟ್ಟಿತು,
ಏಳೆಣಿಸುವುದರೊಳಗೆ.
ಒಳಗಿನ ರಬ್ಬರ್ ಬಳೆ ಕಾಣದು.

ನೀರು ಬಿಟ್ಟ. ಕೊಳವೆ ನಡುಗಿ ಸುಮ್ಮನಾಯಿತು.
ಬೆರಳಿಂದ ಸವರಿದ: ಒಣ.
ಮತ್ತೆ ಸವರಿದ.

ಆಮೇಲೆ ಮೆಟ್ಟಿಲ ಮೇಲೆ ಕೂತು
ಜೇಬಿನ ಬ್ರೆಡ್ಡು ತೆಗೆದು, ಧೂಳು ಊದಿ,
ಅರ್ಧ ಅವಳಿಗೆ ಕೊಟ್ಟು
ತಿಂದ.